ಆರು ವರ್ಷದಿಂದ ಸಿನಿಮಾ ಸೆಟ್‌ನಲ್ಲಿದ್ದೀನಿ, ಅಚ್ಚಿನ ಪ್ರೆಸ್‌ಗೆ ಬಟ್ಟೆ ಹೊದಿಸಿಟ್ಟಿದ್ದೀನಿ. ನಾನಿನ್ನೂ ಪ್ರಿಂಟ್‌ಮೇಕರ್ರೇ?

ತಾಮ್ರದತಗಡು:

ಸ್ವಲ್ಪ ಉದ್ದ ಆಗುತ್ತೆ, ಸಹಿಸ್ಕೊಳ್ಳಿ.

ಕಲಾಶಾಲೇಲಿ ನಾನು ಕಲಿತದ್ದು ಗ್ರಾಫಿಕ್ಸ್, ಅಂದ್ರೆ ಪ್ರಿಂಟ್‌ಮೇಕಿಂಗ್, ಅಚ್ಚಿನ ಕಲೆ. ಎಚ್ಚಿಂಗ್ (ಲೋಹದ ಪ್ಲೇಟಿನ ಮೇಲೆ ಸೂಜಿಯಿಂದ ಬರೆದ ಗೆರೆಯನ್ನ ಆಸಿಡ್‌ನಲ್ಲಿ ಕೊರೆಸಿ, ಶಾಯಿ ತುಂಬಿ ಅಚ್ಚು ತೆಗೆಯೋದು), ಅಕ್ವಾಟಿಂಟ್ (ಅದೇ ಥರ, ಗೆರೆ ಬದಲು ಮಸುಕು ಛಾಯೆ), ಒಂದಿಷ್ಟು ಕಲ್ಲಚ್ಚು (ಕಲ್ಲಿನ ಮೇಲಿಂದ ತೆಗೆಯೋ ಅಚ್ಚು). ಓದು ಮುಗಿದ ಮೇಲೆ ನಾಲ್ಕು ವರ್ಷ ಅದನ್ನೇ ಮಾಡ್ಕೊಂಡಿದ್ದೆ. ಒಂದಿನ ಸ್ನೇಹಿತ ಫೋನ್ ಮಾಡಿ, "ಒಂದು ವಾರದ ಕೆಲಸ ಇದೆ, ಹೊಸ ಗೋಡೆ ಹಳೇದಾಗಿ ಕಾಣ್ಬೇಕು, ಬರ್ತೀಯಾ?" ಅಂದ. ಆ ಒಂದು ವಾರ ಮುಗೀದೆ ಈಗ ಆರು ವರ್ಷ.

ಗೋಡೆಯಿಂದ ಶುರುವಾಗಿದ್ದು ಮೆಲ್ಲಗೆ ಕಾಗದಕ್ಕೆ ಬಂತು. ಹಳೇ ಪತ್ರ, ನಕ್ಷೆ, ಕೋರ್ಟಿನ ಮೊಹರು, ಸಿನಿಮಾದಲ್ಲಿ ಮಾತ್ರ ಇರೋ ದಿನಪತ್ರಿಕೆಯ ಮುಖಪುಟ, ಔಷಧಿ ಬಾಟಲಿಯ ಲೇಬಲ್ಲು. ತೆರೆ ಮೇಲೆ ಒಂದೂವರೆ ಸೆಕೆಂಡ್ ಇದ್ದು ಹೋಗೋ ವಸ್ತುಗಳು. ಈ ಕೆಲಸ ಬೇಜಾರು ಅಂತ ಹೇಳಿದ್ರೆ ಸುಳ್ಳಾಗುತ್ತೆ, ನನಗೆ ಇಷ್ಟ.

ಎಲ್ರೂ "ಟೈಮ್ ಸಿಗಲ್ಲ ಅಲ್ವಾ" ಅಂತಾರೆ. ಸಿಗುತ್ತೆ. ಎರಡು ಸಿನಿಮಾಗಳ ನಡುವೆ ಎರಡೆರಡು ತಿಂಗಳು ಖಾಲಿ ಕೂತಿದ್ದೂ ಉಂಟು. ಆಗ ಉಜ್ಜಿ ಹೊಳಪು ಮಾಡಿದ ತಾಮ್ರದ ಪ್ಲೇಟ್ ಮುಂದಿಟ್ಕೊಂಡು ಕೂತ್ರೆ ಸೂಜಿ ಕೆಳಗಿಳಿಯಲ್ಲ. ಸೆಟ್‌ನಲ್ಲಿ ಯಾರಾದ್ರೂ "1940ರ ಕಾಗದ, ಒದ್ದೆ ಮನೇಲಿ ಇಟ್ಟಿದ್ದು, ಬೆಳಿಗ್ಗೆ 6ಕ್ಕೆ ಬೇಕು" ಅಂದ್ರೆ ಕೈ ಓಡುತ್ತೆ. ಯಾರೂ ಏನೂ ಹೇಳದಿದ್ರೆ ಕೈ ಯಾರಿಗೋ ಕಾಯ್ತಾ ಕೂರುತ್ತೆ.

ಯಾರಿಗಾದ್ರೂ ಹೀಗಾಗಿದ್ಯಾ?

ಪರದೆಹಿಂದೆ:

"ಒಂದು ವಾರದ ಕೆಲಸ ಇದೆ." ಆರ್ಟ್ ಡಿಪಾರ್ಟ್‌ಮೆಂಟಿನ ಎಲ್ರ ಆತ್ಮಕಥೆಯ ಮೊದಲ ಸಾಲು ಇದೇ 😄

ಕಪ್ಪುಶಾಯಿ:

ಕಟುವಾಗಿ ಹೇಳ್ತೀನಿ, ಬೇಜಾರಾಗ್ಬೇಡಿ. ಪ್ರಿಂಟ್ ತೆಗೆಯೋನು ಪ್ರಿಂಟ್‌ಮೇಕರ್. ಆರು ವರ್ಷ ತೆಗೆದಿಲ್ಲ ಅಂದ್ರೆ ಸದ್ಯಕ್ಕೆ ನೀವು ಅಲ್ಲ. ಈಜು ಬರೋನು ನೀರಿಗಿಳಿದಾಗ ಮಾತ್ರ ಈಜ್ತಿರ್ತಾನೆ. ಅದರಲ್ಲಿ ಅವಮಾನ ಏನಿಲ್ಲ, ಹಳೇ ಬೋರ್ಡ್ ಇಳಿಸಿದ್ರೆ ಅರ್ಧ ನೋವು ಹೋಗುತ್ತೆ.

ಮರದಚ್ಚು:

ಕಪ್ಪುಶಾಯಿ ಅವರೇ, ಇಷ್ಟು ಸುಲಭವಾಗಿ ಗೆರೆ ಎಳೀಬೇಡಿ. ಜಪಾನಿನ ಉಕಿಯೊ-ಎ ಮರದಚ್ಚುಗಳನ್ನೇ ತಗೊಳ್ಳಿ. ಹೊಕುಸಾಯ್ ಅವರ ಆ ದೊಡ್ಡ ಅಲೆ ಎಲ್ರಿಗೂ ಗೊತ್ತು, 1831ರ ಸುಮಾರಿನದು. ಆದ್ರೆ ಅದರ ಹಲಗೆ ಕೆತ್ತಿದ್ದು ಅವರಲ್ಲ, ಬಣ್ಣ ಹಚ್ಚಿ ಕಾಗದ ಉಜ್ಜಿದ್ದೂ ಅವರಲ್ಲ. ಪ್ರಕಾಶಕ ದುಡ್ಡು ಹಾಕ್ತಿದ್ದ, ಚಿತ್ರಕಾರ ತೆಳು ಕಾಗದದ ಮೇಲೆ ಬರೆದು ಕೊಡ್ತಿದ್ದ, ಕೆತ್ತೋನು ಆ ಕಾಗದಾನ ಹಲಗೆಗೆ ಮಕಾಡೆ ಅಂಟಿಸಿ ಅದರ ಮೇಲೇ ಉಳಿ ಆಡಿಸ್ತಿದ್ದ. ಅಂದ್ರೆ ಮೂಲ ಚಿತ್ರ ಕೆತ್ತನೆಯಲ್ಲೇ ನಾಶ! ಆಮೇಲೆ ಮುದ್ರಿಸೋನು ಒಂದೊಂದು ಬಣ್ಣಕ್ಕೆ ಒಂದೊಂದು ಹಲಗೆ ಇಟ್ಟು ತೆಗೀತಿದ್ದ.

ಇದು ಸಿನಿಮಾ ಯೂನಿಟ್ ಅಲ್ದೆ ಮತ್ತೇನು? ನಿರ್ಮಾಪಕ, ಡಿಸೈನರ್, ಕೈಕೆಲಸದೋರು. ಕೆತ್ತಿದೋರ ಹೆಸರು ಬಹುಪಾಲು ನಮಗೆ ತಲುಪೇ ಇಲ್ಲ. ಅವರು ಪ್ರಿಂಟ್‌ಮೇಕರ್ ಅಲ್ಲ ಅಂತೀರಾ?

ಅಂದ್ಹಾಗೆ ಹೊಕುಸಾಯ್ ಕೂಡ ಹುಡುಗನಾಗಿದ್ದಾಗ ಹಲಗೆ ಕೆತ್ತೋ ಕೆಲಸ ಕಲಿತೇ ಬಂದೋರು.

ಕಪ್ಪುಶಾಯಿ:

ಉದಾಹರಣೆ ಚೆನ್ನಾಗಿದೆ, ಪ್ರಶ್ನೆಗೆ ಉತ್ತರ ಅಲ್ಲ. ಆ ಕೆತ್ತೋನು ದಿನಾ ಹಲಗೆ ಮುಟ್ತಿದ್ದ. ನಮ್ಮ ತಾಮ್ರದತಗಡು ಮುಟ್ತಿರೋದು ಪ್ಲೈವುಡ್ಡು, ಥರ್ಮಕೋಲು. ಅವರ ದುಃಖ ಹೆಸರು ಬರಲಿಲ್ಲ ಅಂತ ಅಲ್ಲ. ಹೇಳೋರಿಲ್ಲದೆ ಕೈ ಏಳಲ್ಲ ಅಂತ. ಮೊದಲ ಪೋಸ್ಟ್ ಇನ್ನೊಮ್ಮೆ ಓದಿ.

ತಾಮ್ರದತಗಡು:

@ಕಪ್ಪುಶಾಯಿ ಹೌದು, ನನ್ನ ತಕರಾರು ಸರಿಯಾಗಿ ಹಿಡಿದಿದ್ದೀರ. ಚುಚ್ಚಿದ್ರಿ, ಆದ್ರೆ ಸರಿಯಾದ ಜಾಗಕ್ಕೆ.

ಬಣ್ಣದಬಾಲ್ದಿ:

ನೋಡ್ರಿ ತಮ್ಮಾ, ನಾ ಸೆಟ್ ಪೇಂಟರ್. ಇಪ್ಪತ್ತೆರಡು ವರ್ಷ ಆತು. ಪ್ಲೈವುಡ್ಡಿಗೆ ತೇಗಿನ ಗೆರಿ ಎಳೀತೀನಿ, ಪಿಓಪಿಗೆ ಅಮೃತಶಿಲೆ ನರ ಬರೀತೀನಿ. ಕ್ಯಾಮೆರಾ ಮುಂದ ಅದು ಕಲ್ಲು, ಹಿಂದ ಬಂದು ನೋಡಿದ್ರ ಮೊಳಿ ಹೊಡೆದ ಪಟ್ಟಿ. ಶೂಟಿಂಗ್ ಮುಗಿದ ದಿನಾನ ಒಡದು ಲಾರಿಗೆ ತುಂಬತಾರ. ಮೊದಲನೇ ಸಲ ನಾ ಬರೆದ ಮಹಲ್ ಒಡದಾಗ ಊಟ ಸೇರಲಿಲ್ಲ ನನಗ. ಎರಡನೇ ಸಲ ನಾನ ನಿಂತು ಒಡಿಸಿದೆ.

ನಿಮಗ ಪ್ರೆಸ್ ಅಂತ ಒಂದು ಐತಿ. ನನಗ ಅದೂ ಇಲ್ಲ. ಮನಿಯಾಗ ನನ್ನದು ಅಂತ ಒಂದು ಚಿತ್ರ ಇಲ್ಲ. ಬಟ್ಟಿ ಹೊದಿಸೀನಿ ಅಂತ ಅಳತೀರಲ್ಲ, ಹೊದಿಸಾಕರ ಏನರ ಐತಲ್ಲ!

ಪರದೆಹಿಂದೆ:

ಬಣ್ಣದಬಾಲ್ದಿ ಅಣ್ಣ, ಈ ಕೊನೇ ಸಾಲಿಗೆ ಏನ್ ಹೇಳ್ಬೇಕೋ ಗೊತ್ತಾಗ್ಲಿಲ್ಲ. ಸುಮ್ನೆ ಓದ್ಕೊಂಡೆ.

ಹಳೆಪುಟ:

ಇಲ್ಲಿ ಎಲ್ರೂ ಅಚ್ಚು ಬೇರೆ, ಸಿನಿಮಾ ಬೇರೆ ಅನ್ನೋ ಹಾಗೆ ಮಾತಾಡ್ತಿದ್ದಾರೆ. ಭಾರತದ ಮಟ್ಟಿಗಂತೂ ಎರಡೂ ಒಂದೇ ಮನೆ ಮಕ್ಕಳು. ದಾದಾಸಾಹೇಬ್ ಫಾಲ್ಕೆ ಸಿನಿಮಾಗೆ ಬರೋ ಮುಂಚೆ ಏನು ಮಾಡ್ತಿದ್ರು? ರವಿವರ್ಮನ ಪ್ರೆಸ್‌ಗೆ ಕಲ್ಲಚ್ಚಿನ ಕೆಲಸ ಮಾಡಿಕೊಡ್ತಿದ್ರು. ಆಮೇಲೆ ತಮ್ಮದೇ ಎನ್‌ಗ್ರೇವಿಂಗ್ ಮತ್ತು ಪ್ರಿಂಟಿಂಗ್ ಪ್ರೆಸ್ ಹಾಕಿದ್ರು, ಪಾಲುದಾರರ ಜತೆ ಜಗಳ ಆಗಿ ಬಿಟ್ಟು ಬಂದ್ರು. ಆಮೇಲಷ್ಟೇ 1913ರ 'ರಾಜಾ ಹರಿಶ್ಚಂದ್ರ'. ಒಬ್ಬ ಅಚ್ಚಿನವನ ಪಾಲುದಾರಿಕೆ ಮುರಿದದ್ದಕ್ಕೆ ನಮಗೆ ಸಿನಿಮಾ ಸಿಕ್ಕಿತು ಅಂತ ನಾನು ತಮಾಷೆಗೆ ಹೇಳೋದುಂಟು.

ರೀಲುಸುತ್ತಿ:

ಸತ್ಯಜಿತ್ ರಾಯ್ ಅವರನ್ನೂ ಸೇರಿಸಿ. ಅವರೂ ಪ್ರಿಂಟ್‌ಮೇಕರ್, ಹಾಫ್‌ಟೋನ್ ಬ್ಲಾಕ್ (ಫೋಟೋನ ಸಣ್ಣ ಚುಕ್ಕೆಗಳಾಗಿ ಅಚ್ಚು ಹಾಕೋ ಪಡಿಯಚ್ಚು) ಮೇಲೆಲ್ಲ ಕೆಲಸ ಮಾಡಿದ್ದಾರೆ.

ಹಳೆಪುಟ:

ಇಲ್ಲ, ಅದು ಅವರ ಅಜ್ಜ, ಉಪೇಂದ್ರಕಿಶೋರ್ ರಾಯ್‌ಚೌಧುರಿ. ಹಾಫ್‌ಟೋನ್ ತಂತ್ರದ ಬಗ್ಗೆ ಇಂಗ್ಲೆಂಡಿನ ಮುದ್ರಣ ಪತ್ರಿಕೆಗೆ ಲೇಖನ ಬರೆದೋರು. ಮೊಮ್ಮಗ ಶಾಂತಿನಿಕೇತನದ ಕಲಾಭವನದಲ್ಲಿ ಓದಿ, ಕೋರ್ಸ್ ಮುಗಿಸದೆ ಬಂದು, ಜಾಹೀರಾತು ಕಂಪನಿಯಲ್ಲಿ ಡಿಸೈನರ್ ಆಗಿದ್ರು. ಪುಸ್ತಕದ ಮುಖಪುಟ, ಅಕ್ಷರ ವಿನ್ಯಾಸ, ತಮ್ಮದೇ ಸಿನಿಮಾಗಳ ಪೋಸ್ಟರ್ ಎಲ್ಲ ಮಾಡಿದ್ದಾರೆ. ಅಷ್ಟಕ್ಕೇ ಪ್ರಿಂಟ್‌ಮೇಕರ್ ಅನ್ನೋಕಾಗಲ್ಲ.

ರೀಲುಸುತ್ತಿ:

ಸರಿ ಸಾರ್. ಅಜ್ಜನ ಕೆಲಸ ಮೊಮ್ಮಗನ ಖಾತೆಗೆ ಹಾಕಿಬಿಟ್ಟೆ.

ಕಲ್ಲಚ್ಚು_ಕಮಲ:

ಕಲ್ಲಚ್ಚು ಅಂದ್ರಲ್ಲ, ಒಂದು ಸೇರಿಸ್ತೀನಿ. 1796ರಲ್ಲಿ ಅದನ್ನ ಕಂಡುಹಿಡಿದ ಸೆನೆಫೆಲ್ಡರ್ ಚಿತ್ರಕಾರನಲ್ಲ, ನಾಟಕ ಬರೀತಿದ್ದೋನು! ತನ್ನ ನಾಟಕ ಅಚ್ಚು ಹಾಕ್ಸೋಕೆ ದುಡ್ಡಿಲ್ಲ ಅಂತ ಸುಣ್ಣಕಲ್ಲಿನ ಮೇಲೆ ಜಿಡ್ಡು ಶಾಯಿ ಹಚ್ಚಿ ಪ್ರಯೋಗ ಮಾಡ್ತಾ ಹೋದ. ಜಿಡ್ಡಿಗೂ ನೀರಿಗೂ ಆಗಿಬರಲ್ಲ ಅನ್ನೋದೇ ಅದರ ಗುಟ್ಟು. ಆಮೇಲೆ ಅದೇ ಕಲ್ಲಿಂದ ಬೀದಿ ಗೋಡೆಯ ಬಣ್ಣದ ಪೋಸ್ಟರು ಬಂತು, ಸಿನಿಮಾದ ಮೊದಲ ಪೋಸ್ಟರುಗಳೂ ಕಲ್ಲಚ್ಚಿನವೇ. ನಾಟಕದವನು ಮಾಡಿದ ತಂತ್ರ ಸಿನಿಮಾದ ಡಂಗುರ ಹೊಡೀತು.

ವಿಷಯಕ್ಕೆ ಬಂದ್ರೆ, ತಾಮ್ರದತಗಡು, ಸೆಟ್‌ನಲ್ಲಿ ನಿಮ್ಮ ಪ್ರಿಂಟ್ ವಿದ್ಯೆ ಉಪಯೋಗಕ್ಕೆ ಬರುತ್ತಾ ಇಲ್ವಾ? ಅದನ್ನ ಹೇಳೇ ಇಲ್ಲ.

ತಾಮ್ರದತಗಡು:

ಕಮಲಕ್ಕ, ದಿನಾ ಬರುತ್ತೆ. ಅದೇ ವಿಚಿತ್ರ.

ಒಂದು ದೃಶ್ಯ ಹೇಳ್ತೀನಿ. ನಾಯಕಿ ಪತ್ರ ಓದಿ ಹರಿದು ಎಸೀತಾಳೆ. ನಿರ್ದೇಶಕರು ಎಷ್ಟು ಟೇಕ್ ತಗೋತಾರೆ ಅಂತ ಯಾರಿಗೂ ಗೊತ್ತಿಲ್ಲ. ಒಂದು ಪತ್ರ ಸಾಲಲ್ಲ, ಹದಿನೈದು ಬೇಕು. ಹದಿನೈದೂ ಒಂದೇ ಥರ ಇರ್ಬೇಕು. ಅದೇ ಮಡಿಕೆ, ಅದೇ ಮೂಲೇಲಿ ಅದೇ ಕಲೆ, ಮೂರನೇ ಸಾಲಲ್ಲಿ ಶಾಯಿ ಹರಡಿರೋ ಅದೇ ಜಾಗ. ಇಲ್ಲಾಂದ್ರೆ ಕಂಟಿನ್ಯುಟಿ ನೋಡ್ಕೊಳ್ಳೋರು ಪ್ರಾಣ ತಿಂತಾರೆ. ಇದು ಎಡಿಷನ್ (ಒಂದೇ ಪ್ಲೇಟಿನಿಂದ ತೆಗೆದ ಒಂದೇ ಥರದ ಪ್ರತಿಗಳ ಕಟ್ಟು) ತಾನೇ? ಮೊದಲನೇ ಪ್ರಿಂಟೂ ಕೊನೇ ಪ್ರಿಂಟೂ ಒಂದೇ ಹಾಗೆ ಇರ್ಬೇಕು ಅನ್ನೋದನ್ನೇ ಮೇಷ್ಟ್ರು ನಮ್ಮ ತಲೆಗೆ ತುಂಬಿದ್ದು.

ವ್ಯತ್ಯಾಸ ಒಂದೇ. ಎಡಿಷನ್ನಲ್ಲಿ ಹದಿನೈದು ತೆಗೆದು ಪೆನ್ಸಿಲ್ಲಲ್ಲಿ 1/15, 2/15 ಅಂತ ಬರೆದು ಸಹಿ ಹಾಕಿ ಪ್ಲೇಟ್ ಮೇಲೆ ಅಡ್ಡಗೆರೆ ಹೊಡೀತೀವಿ, ಇನ್ನು ಯಾರೂ ತೆಗೀಬಾರದು ಅಂತ. ಇಲ್ಲಿ ಹದಿನೈದನ್ನೂ ಹರಿದು ಹಾಕ್ತಾರೆ, ಸಹಿ ಇರಲ್ಲ. ಹದಿನಾರನೇದು ಬೇಕು ಅಂದ್ರೆ ರಾತ್ರಿಯೆಲ್ಲ ಕೂತು ಮಾಡ್ಬೇಕು.

ಮರ್ಯಾದೆ ಹೋದ ಕತೆಯೂ ಇದೆ. ಒಂದ್ಸಲ ಅರಗಿನ ಮೊಹರು ಬೇಕು ಅಂದ್ರು, ಲಿನೋದಲ್ಲಿ (ಕೆತ್ತೋಕೆ ಬಳಸೋ ಮೆತ್ತನೆ ಹಾಳೆ) ಅಕ್ಷರ ಕೆತ್ತಿ ಕೊಟ್ಟೆ. ಕ್ಲೋಸಪ್ ಮೊಹರು ಒತ್ತೋದಲ್ಲ, ಮೊಹರಿನ ಮುಖಾನೇ ತೋರ್ಸೋದು ಅಂತ ನನಗೆ ಯಾರೂ ಹೇಳಿರಲಿಲ್ಲ. ಮಾನಿಟರ್ ಮುಂದೆ ಗುಸುಗುಸು ಶುರುವಾಯ್ತು, "ಇದೇನ್ರೀ ಅಕ್ಷರ ಎಲ್ಲ ಉಲ್ಟಾ?" ನಾನು, "ಸಾರ್, ಮೊಹರು ಅಂದ್ರೆ ಉಲ್ಟಾನೇ ಇರುತ್ತೆ." ಅವರು, "ಪ್ರೇಕ್ಷಕರಿಗೆ ಅದು ಗೊತ್ತಿರಲ್ಲ, ತಪ್ಪು ಅನ್ಸುತ್ತೆ. ನೇರ ಮಾಡಿ." ಮಾಡಿದೆ. ಒತ್ತಿದ್ರೆ ಉಲ್ಟಾ ಬೀಳೋ ಮೊಹರು ಆ ಸಿನಿಮಾದಲ್ಲಿ ಇವತ್ತಿಗೂ ಇದೆ.

ಕಪ್ಪುಶಾಯಿ:

ನಿಜವಾದ ಮೊಹರು ತಪ್ಪು, ಸುಳ್ಳು ಮೊಹರು ಸರಿ. ನಿಮ್ಮ ಇಡೀ ವೃತ್ತಿ ಈ ಕತೇಲಿದೆ 😂

ಮೈಕುಕಡ್ಡಿ:

ಸೌಂಡ್ ಡಿಪಾರ್ಟ್‌ಮೆಂಟಿಂದ ಒಂದು ಬೇಡಿಕೆ. ದಯವಿಟ್ಟು ಗರಿಗರಿ ಕಾಗದ ಕೊಡ್ಬೇಡಿ! ನಟ ಪತ್ರ ಬಿಡಿಸಿದ ಕೂಡ್ಲೇ ಮೈಕಿನಲ್ಲಿ ಪಟಾಕಿ ಸಿಡಿದ ಹಾಗೆ ಕೇಳುತ್ತೆ, ಡೈಲಾಗ್ ಹೋಯ್ತು.

ತಾಮ್ರದತಗಡು:

ಅದಕ್ಕೆ ಸ್ಪ್ರೇ ಬಾಟಲಲ್ಲಿ ತೆಳ್ಳಗೆ ನೀರು ಹೊಡೀತೀನಿ, ಒದ್ದೆಯಾದ ಕಾಗದ ಸದ್ದು ಮಾಡಲ್ಲ. ಎಚ್ಚಿಂಗ್ ತೆಗೆಯೋಕೆ ಮುಂಚೆನೂ ಕಾಗದ ನೆನೆಸಿ, ಬ್ಲಾಟಿಂಗ್ ಹಾಳೆ ನಡುವೆ ಇಟ್ಟು ಒತ್ತಿ ತಗೋತೀವಿ. ಅಲ್ಲಿ ಮೆತ್ತಗಾಗಿ ಗೆರೆಯೊಳಗಿನ ಶಾಯಿ ಎತ್ಕೊಳ್ಳಲಿ ಅಂತ, ಇಲ್ಲಿ ನಿಮ್ಮ ಮೈಕಿಗೆ ಹೆದರಿ.

ಅಚ್ಚ ಬಿಳಿ ಹಾಳೇನೂ ಕೊಡಲ್ಲ. ಲೈಟಿನಲ್ಲಿ ಸುಟ್ಟುಹೋದ ಹಾಗೆ ಕಾಣುತ್ತೆ ಅಂತ ಕ್ಯಾಮೆರಾದವರು ಬೈತಾರೆ. ಚಹಾ ಡಿಕಾಕ್ಷನ್ನಲ್ಲಿ ಅದ್ದಿದ್ರೆ ಹಳೇದೂ ಆಗುತ್ತೆ, ಬೈಗುಳಾನೂ ತಪ್ಪುತ್ತೆ.

ಹೊಸಬ_ಅಚ್ಚು:

ಎರಡನೇ ವರ್ಷದ ವಿದ್ಯಾರ್ಥಿ ನಾನು. ಮನೇಲೇ ಎಚ್ಚಿಂಗ್ ಶುರು ಮಾಡೋಣ ಅಂತಿದ್ದೀನಿ. ನೈಟ್ರಿಕ್ ಆಸಿಡ್ ಬಾಲ್ಕನಿಯಲ್ಲಿ ಇಟ್ಕೊಂಡ್ರೆ ಸಾಕಾ?

ಕಲ್ಲಚ್ಚು_ಕಮಲ:

ಬೇಡ!! ನೈಟ್ರಿಕ್ ಲೋಹ ತಿನ್ನುವಾಗ ಬರೋ ಕಂದು ಹೊಗೆ ಶ್ವಾಸಕೋಶಕ್ಕೆ ವಿಷ. ಉಸಿರು ಕಟ್ಟೋದು ಕೆಲವು ಗಂಟೆ ಬಿಟ್ಟು ಗೊತ್ತಾಗ್ಬಹುದು, ಅದೇ ಅಪಾಯ. ತಾಮ್ರಕ್ಕೆ ಫೆರಿಕ್ ಕ್ಲೋರೈಡ್ ಸಾಕು. ನಿಧಾನ, ಆದ್ರೆ ಗೆರೆ ಚೊಕ್ಕ. ಕೆಸರು ಗೆರೆಯಲ್ಲಿ ಕೂರದ ಹಾಗೆ ಪ್ಲೇಟನ್ನ ಬೋರಲು ತೇಲಿಸು, ಇಲ್ಲಾ ನಿಲ್ಲಿಸಿ ಅದ್ದು. ಜಿಂಕ್ ಇದ್ರೆ ಮೈಲುತುತ್ತು ಮತ್ತು ಉಪ್ಪಿನ ದ್ರಾವಣ ಇದೆ. ಕೈಗವಸು, ಕನ್ನಡಕ ಬಿಡ್ಬೇಡ. ಅಕ್ವಾಟಿಂಟ್‌ಗೆ ರಾಳದ ಪುಡಿ ಊದುವಾಗ ಮಾಸ್ಕ್ ಹಾಕು, ಆ ಧೂಳು ಕಿಡಿ ತಾಗಿದ್ರೆ ಭಗ್ ಅನ್ನುತ್ತೆ. ಮನೇಲಿ ಶುರು ಮಾಡೋದಾದ್ರೆ ಡ್ರೈಪಾಯಿಂಟ್ ಮಾಡು ಮಗಾ. ಸೂಜಿ, ಪ್ಲೇಟು, ಅಷ್ಟೆ. ಆಸಿಡ್ಡೇ ಬೇಡ.

ಬಣ್ಣದಬಾಲ್ದಿ:

ಸೆಟ್‌ನ್ಯಾಗ ಥರ್ಮಕೋಲ್ ಬಿಸಿ ತಂತೀಲೆ ಕೊಯ್ಯೋ ಹುಡುಗರಿಗೂ ಇದನ್ನ ಹೇಳ್ರಿ ಯವ್ವಾ. ಆ ಹೊಗಿಯಾಗ ಕುಂತು ಮೂರ್ತಿ ಕೆತ್ತತಾರ, ಮಾಸ್ಕ್ ಅಂದ್ರ ನಗತಾರ.

ಸೂಜಿಮೊನೆ:

ತಡವಾಗಿ ಬಂದೆ. ಇಷ್ಟೆಲ್ಲ ಮಾತಾದ್ರೂ ಅಲೆಕ್ಸೆಯೆಫ್ ಹೆಸರು ಯಾರೂ ಎತ್ತಲಿಲ್ಲವಲ್ಲ ಮಾರಾಯ್ರೆ!

ಅಲೆಕ್ಸಾಂಡರ್ ಅಲೆಕ್ಸೆಯೆಫ್, ರಷ್ಯಾದಿಂದ ಪ್ಯಾರಿಸ್‌ಗೆ ಬಂದ ಮನುಷ್ಯ. ಮೊದಲು ನಾಟಕಗಳಿಗೆ ರಂಗಸಜ್ಜಿಕೆ ಬರೀತಿದ್ದ, ಆಮೇಲೆ ಪುಸ್ತಕಗಳಿಗೆ ಎಚ್ಚಿಂಗ್, ಅಕ್ವಾಟಿಂಟ್ ಮಾಡಿ ಹೆಸರು ತಗೊಂಡ. ಅಷ್ಟಕ್ಕೆ ತೃಪ್ತಿ ಆಗಲಿಲ್ಲ. ಅಕ್ವಾಟಿಂಟಿನ ಆ ಮಸುಕು ಬೂದುಬಣ್ಣ ಚಲಿಸಬೇಕು ಅನ್ನೋ ಹುಚ್ಚು ಹಿಡೀತು. ಕ್ಲೇರ್ ಪಾರ್ಕರ್ ಜತೆ ಸೇರಿ ಒಂದು ಬಿಳಿ ಹಲಗೆ ಮಾಡಿದ. ಅದರ ತುಂಬಾ ಲಕ್ಷಗಟ್ಟಲೆ ಸಣ್ಣ ಸೂಜಿ, ಒತ್ತಿದ್ರೆ ಹಿಂದೆ ಮುಂದೆ ಸರಿಯೋ ಹಾಗೆ. ಪಕ್ಕದಿಂದ ಬೆಳಕು ಬಿಟ್ಟಾಗ ಹೊರಗೆ ಚಾಚಿದ ಸೂಜಿಯ ನೆರಳು ಉದ್ದ ಬಿದ್ದು ಅಲ್ಲಿ ಕಪ್ಪು, ಒಳಗೆ ಒತ್ತಿದ್ರೆ ಬಿಳಿ, ನಡುವೆ ಬೇಕಾದಷ್ಟು ಬೂದು. ಒಂದು ಚಿತ್ರ, ಒಂದು ಫ್ರೇಮ್, ಮತ್ತೆ ಸೂಜಿ ಸರಿಸು, ಇನ್ನೊಂದು ಫ್ರೇಮ್. 1933ರಲ್ಲಿ ಅದರಿಂದ ಮೊದಲ ಸಿನಿಮಾ ತೆಗೆದ್ರು, ಇಬ್ಬರೂ ಸೇರಿ. ಎಂಟು ನಿಮಿಷದ್ದು. 1962ರಲ್ಲಿ ನಿರ್ದೇಶಕ ಆರ್ಸನ್ ವೆಲ್ಸ್ 'ದಿ ಟ್ರಯಲ್' ಸಿನಿಮಾದ ಆರಂಭಕ್ಕೆ ಇದೇ ಹಲಗೆಯ ಚಿತ್ರಗಳನ್ನ ಬಳಸಿದ್ರು.

ನಡುವೆ ಹೊಟ್ಟೆಪಾಡಿಗೆ ಜಾಹೀರಾತು ಸಿನಿಮಾ ಮಾಡಿದ್ರು. ಯಾರೋ ಹೇಳಿದ ಸಾಮಾನಿಗೆ ಯಾರೋ ಹೇಳಿದ ಉದ್ದದಲ್ಲಿ. ಅದರಿಂದ ಅವನ ಕೈ ಕೆಟ್ಟಿತಾ? ಇಲ್ಲ.

ಕಪ್ಪುಶಾಯಿ:

ಈ ಉದಾಹರಣೆ ನನ್ನ ಮಾತಿಗೇ ಪುಷ್ಟಿ ಕೊಡ್ತಿದೆ. ಅವನಿಗೆ ತನ್ನದೇ ಒಂದು ಪ್ರಶ್ನೆ ಇತ್ತು, ಬೂದುಬಣ್ಣ ಹೇಗೆ ಚಲಿಸುತ್ತೆ ಅಂತ. ಪ್ರಶ್ನೆ ಇದ್ದೋನು ಬೇರೆಯೋರ ಕೆಲಸಕ್ಕೆ ಹೋದ್ರೂ ತನ್ನದನ್ನೇ ಹೊತ್ಕೊಂಡು ಹೋಗ್ತಾನೆ. ಖಾಲಿ ಪ್ಲೇಟ್ ಮುಂದೆ ಕೂತ್ಕೊಂಡ್ರೆ ಪ್ರಶ್ನೆ ಹುಟ್ಟಲ್ಲ.

ಸೂಜಿಮೊನೆ:

ಖಾಲಿ ಪ್ಲೇಟ್ ಮುಂದೆ ಕೂತೇ ಹುಟ್ಟೋದು ಮಾರಾಯ್ರೆ, ಮತ್ತೆಲ್ಲಿ?

ಕಪ್ಪುಶಾಯಿ:

ಪ್ಲೇಟ್ ಕೆಡಿಸ್ತಾ ಕೂತ್ರೆ ಹುಟ್ಟುತ್ತೆ. ಸುಮ್ನೆ ದಿಟ್ಟಿಸ್ತಾ ಕೂತ್ರೆ ಅಲ್ಲ.

ಪರದೆಹಿಂದೆ:

ಇಬ್ರೂ ಒಂದೇ ಹೇಳ್ತಿದ್ದೀರ, ಗಂಟಲು ಮಾತ್ರ ಬೇರೆ.

ರೀಲುಸುತ್ತಿ:

ಸೆಟ್‌ಗೆ ಮಾಡಿದ ಸ್ಕೆಚ್‌ಗಳನ್ನೇ ಎಚ್ಚಿಂಗ್ ಮಾಡಿ ಪ್ರದರ್ಶನ ಇಡ್ಬಹುದಲ್ಲ? ರೆಡಿ ವಿಷಯ.

ಪರದೆಹಿಂದೆ:

ಹುಷಾರು. ಕೆಲಸಕ್ಕೆ ಸೇರುವಾಗ ಸಹಿ ಹಾಕಿದ ಕಾಗದ ತೆಗೆದು ಓದಿ ಮೊದ್ಲು. ಸಿನಿಮಾಗೆ ಅಂತ ಬರೆದದ್ದೆಲ್ಲ ನಿರ್ಮಾಪಕರ ಸ್ವತ್ತು ಅಂತ ಅದರಲ್ಲಿ ಇರೋದೇ ಹೆಚ್ಚು, ಬಿಡುಗಡೆಗೆ ಮುಂಚೆ ಏನೂ ತೋರಿಸಬಾರದು ಅಂತಲೂ ಇರುತ್ತೆ. ನಾನು ಮಾಡಿದ ಒಂದು ನಕ್ಷೆಯ ಫೋಟೋ ಹಾಕಿ ಅರ್ಧ ಗಂಟೇಲಿ ತೆಗೀಬೇಕಾಯ್ತು. ತೆಗೀರಿ ಅಂದೋರ ದನಿ ಇನ್ನೂ ಕಿವೀಲಿದೆ. ಬಿಡುವಿನಲ್ಲಿ ನಿಮ್ಮ ಸ್ವಂತ ನೋಟ್‌ಬುಕ್ಕಲ್ಲಿ, ಲೈಟ್ ಹೊರೋ ಹುಡುಗ ನಿದ್ದೆ ಮಾಡ್ತಿರೋದನ್ನ ಬರೀತೀರಲ್ಲ, ಅಂಥದ್ದರ ಕತೆ ಬೇರೆ. ಅದಕ್ಕೂ ಒಮ್ಮೆ ಕೇಳಿ ಬರವಣಿಗೆಯಲ್ಲಿ ತಗೊಂಡ್ರೆ ನೆಮ್ಮದಿ.

ಕಲ್ಲಚ್ಚು_ಕಮಲ:

ನಾನೊಂದು ಹೇಳ್ಲಾ? ಒಬ್ಬರೇ ಮನೇಲಿ ಕೂತ್ರೆ ಕೈ ಏಳದೇ ಇರೋದು ಸಹಜ. ಪ್ರಿಂಟ್‌ಮೇಕಿಂಗ್ ಒಂಟಿ ಕೆಲಸವೇ ಅಲ್ಲ. ಇಂಗ್ಲಿಷ್ ಪ್ರಿಂಟ್‌ಮೇಕರ್ ಹೇಟರ್ 1927ರಲ್ಲಿ ಪ್ಯಾರಿಸ್‌ನಲ್ಲಿ ಶುರು ಮಾಡಿದ 'ಆಟೆಲಿಯೆ 17' ಅನ್ನೋ ಅಚ್ಚಿನ ಸ್ಟುಡಿಯೋ ನೋಡಿ. ಒಂದೇ ಪ್ರೆಸ್ ಸುತ್ತ ಹತ್ತು ಜನ. ಒಬ್ಬನ ಪ್ಲೇಟ್ ಕೆಟ್ಟದ್ದು ಇನ್ನೊಬ್ಬನಿಗೆ ಪಾಠ. ನಮ್ಮ ಕೃಷ್ಣ ರೆಡ್ಡಿಯವರು ಅಲ್ಲಿದ್ದೇ ಅಲ್ವಾ ಒಂದೇ ಪ್ಲೇಟಿನಿಂದ ಒಂದೇ ಸಲಕ್ಕೆ ಹಲವು ಬಣ್ಣ ತೆಗೆಯೋ ವಿಸ್ಕಾಸಿಟಿ ವಿಧಾನ ಬೆಳೆಸಿದ್ದು? ಶಾಯಿಗೆ ಎಣ್ಣೆ ಹೆಚ್ಚುಕಮ್ಮಿ ಮಾಡಿ, ಒಂದು ಮೆತ್ತನೆ ರೋಲರ್, ಒಂದು ಗಟ್ಟಿ ರೋಲರ್. ಒಂದು ಪ್ಲೇಟಿನ ತಗ್ಗಿಗೆ ಹೋಗುತ್ತೆ, ಇನ್ನೊಂದು ದಿಬ್ಬದ ಮೇಲೇ ಉಳಿಯುತ್ತೆ.

ಸೆಟ್‌ನಲ್ಲಿ ನಿಮ್ಮ ಸುತ್ತ ನೂರು ಜನ, ಮನೇಲಿ ಪ್ರೆಸ್ ಪಕ್ಕ ಸೊನ್ನೆ. ಕೈ ಕಾಯ್ತಿರೋದು ಅಪ್ಪಣೆಗಲ್ಲ, ಜನಕ್ಕೆ ಇರ್ಬಹುದು.

ತಾಮ್ರದತಗಡು:

ಕಮಲಕ್ಕ, ಇದು ನನಗೆ ಹೊಳೆದೇ ಇರಲಿಲ್ಲ. ಅರ್ಧ ಒಪ್ತೀನಿ. ಇನ್ನರ್ಧಕ್ಕೆ ಕಪ್ಪುಶಾಯಿ ಅವರ "ಕೆಡಿಸ್ತಾ ಕೂತ್ರೆ" ಸರಿ ಅನ್ಸುತ್ತೆ. ಸೆಟ್‌ನಲ್ಲಿ ನಾನು ಕೆಡಿಸೋ ಹಾಗಿಲ್ಲ, ಬೆಳಿಗ್ಗೆ 6ಕ್ಕೆ ಸರಿಯಾಗಿರಲೇಬೇಕು. ಆರು ವರ್ಷ ಸರಿಯಾಗಿಯೇ ಮಾಡಿ ಮಾಡಿ ಕೆಡಿಸೋದು ಮರೆತುಹೋಗಿದೆ.

*(ಒಂಬತ್ತು ದಿನಗಳ ನಂತರ)*

ತಾಮ್ರದತಗಡು:

ಶೆಡ್ಯೂಲ್ ಮುಂದಕ್ಕೆ ಹೋಯ್ತು. ಪ್ರೆಸ್ ಮೇಲಿನ ಬಟ್ಟೆ ತೆಗೆದೆ. ಫೆಲ್ಟ್ (ಒತ್ತುವಾಗ ಕಾಗದದ ಮೇಲೆ ಹಾಸೋ ಉಣ್ಣೆ ಬಟ್ಟೆ) ಅನ್ನು ಹುಳ ತಿಂದಿದೆ, ಎರಡು ತೂತು. ಹೊಸ ಪ್ಲೇಟ್ ಮುಟ್ಟೋ ಧೈರ್ಯ ಬರಲಿಲ್ಲ, ಆರು ವರ್ಷದ ಹಿಂದೆ ಅರ್ಧಕ್ಕೆ ಬಿಟ್ಟಿದ್ದ ಒಂದನ್ನ ತೆಗೆದೆ. ಮೇಣ ಹಚ್ಚದೆ ಇಟ್ಟಿದ್ದೆ, ಮೂಲೆಯಲ್ಲಿ ಹಸಿರು ಕಿಲುಬು ಹಿಡಿದು ಲೋಹ ತಿಂದುಹೋಗಿದೆ. ಉಜ್ಜಿ ತೆಗೀಬಹುದಿತ್ತು, ತೆಗೀಲಿಲ್ಲ. ಹಾಗೇ ಶಾಯಿ ತುಂಬಿ, ಒರೆಸಿ, ಒಂದು ಪ್ರೂಫ್ (ಪರೀಕ್ಷೆಗೆ ತೆಗೆಯೋ ಅಚ್ಚು) ತೆಗೆದೆ.

ಕಿಲುಬು ತಿಂದ ಜಾಗ ಒಳ್ಳೇ ಕಪ್ಪು ಹಿಡಿದಿದೆ. ಗೋಡೆ ಒದ್ದೆಯಾದ ಹಾಗೆ. ಸೆಟ್‌ನಲ್ಲಿ ಇದನ್ನೇ ತರೋಕೆ ಮೂರು ದಿನ ತಿಣುಕಿದ್ದೆ ಒಂದ್ಸಲ! ಇದರಲ್ಲಿ ನಾನು ಬರೆದದ್ದು ಅಂದ್ರೆ ಕಿಟಕಿ ಒಂದೇ, ಅದೂ ಅರ್ಧ. ಇವತ್ತು ಇನ್ನರ್ಧಕ್ಕೆ ಸೂಜಿ ಇಟ್ಟೆ, ಕೈ ನಡುಗಿ ಗೆರೆ ಸೊಟ್ಟ ಹೋಯ್ತು.

ಕಪ್ಪುಶಾಯಿ:

ಸೊಟ್ಟ ಗೆರೆಯ ಫೋಟೋ ಹಾಕಿ.

ತಾಮ್ರದತಗಡು:

ಹಾಕಲ್ಲ.

ಬಣ್ಣದಬಾಲ್ದಿ:

ಒಂದು ಪ್ರತಿ ನನಗ ಕಳಸ್ರಿ ತಮ್ಮಾ. ಮನಿಯಾಗ ಗ್ವಾಡಿ ಖಾಲಿ ಐತಿ.

ತಾಮ್ರದತಗಡು:

ಅಣ್ಣ, ಪೂರ್ತಿ ಆಗ್ಲಿ. 1/15 ನಿಮ್ಮದು.

ಹೊಸಬ_ಅಚ್ಚು:

ಡ್ರೈಪಾಯಿಂಟ್ ಶುರು ಮಾಡ್ದೆ ಮೇಡಂ. ಎಂಟು ಪ್ರಿಂಟ್ ಆದ್ಮೇಲೆ ಗೆರೆ ಮಂಕಾಗ್ತಿದೆ, ಶಾಯಿ ಸರಿಯಿಲ್ವಾ?

ಕಲ್ಲಚ್ಚು_ಕಮಲ:

ಶಾಯಿ ಸರಿಯಾಗೇ ಇದೆ. ಸೂಜಿ ಗೀಚಿದಾಗ ಗೆರೆಯ ಪಕ್ಕ ಎದ್ದ ಲೋಹದ ಅಂಚು ಪ್ರೆಸ್ಸಿನ ಒತ್ತಡಕ್ಕೆ ಮಡಚಿ ಸವೀತಿದೆ, ಅದು ಡ್ರೈಪಾಯಿಂಟಿನ ಹಣೆಬರಹ. ಎಷ್ಟು ಒತ್ತಡ ಇಟ್ಟಿದ್ದೀಯ? ಒರೆಸುವಾಗ ಬಟ್ಟೆ ಜೋರಾಗಿ ಉಜ್ತಿದ್ದೀಯಾ?